ಖಂಡ್ಯಾ ನುಂಗಿದ ಬತ್ತಿಯ ಕಟ್ಟು

ಸದಾಶಿವ ಪೇಠ, ಪುಣೆ
ಕಾರ್ತಿಕ ಬಹುಳ ಷಷ್ಠಿ, ಶನಿವಾರ
೧೬ ನವೆಂಬರ್ ೧೯೩೫

ಸೊಲ್ಲಾಪುರದ ಸೌಭಾಗ್ಯವತಿ ಅಂಬಕ್ಕನವರ ಪಾದಗಳಿಗೆ ತಮ್ಮನ ಹೆಂಡತಿ ಭಾಮೆಯ ನಮಸ್ಕಾರಗಳು.

ಇಲ್ಲಿ ಎಲ್ಲರೂ ಕ್ಷೇಮ ಎಂದು ಮೊದಲ ಸಾಲಿನಲ್ಲಿ ಬರೆಯುವುದು ರೂಢಿ. ಬರೆದು, ಹೊಡೆದು ಹಾಕಿದೆ. ಮನೆಯವರ ಜೀವಕ್ಕೆ ಅಪಾಯವಿಲ್ಲ, ಅಷ್ಟರ ಮಟ್ಟಿಗೆ ಗಾಬರಿ ಬೇಡ. ಆದರೆ ಹೋದ ರವಿವಾರ ಈ ಮನೆಯಲ್ಲಿ ನಡೆದದ್ದನ್ನು ಕಣ್ಣಾರೆ ಕಂಡ ನನಗೆ ಇನ್ನೂ ಕೆಲಸದ ಮೇಲೆ ಗಮನವಿಲ್ಲ. ಆರು ದಿನವಾಯಿತು. ಹಾಲು ಕಾಯಲು ಇಟ್ಟು ಅದರ ಮುಂದೆಯೇ ನಿಂತಿರುತ್ತೇನೆ, ಅದು ಉಕ್ಕಿ ಒಲೆ ಆರಿದ ಮೇಲೆ ಎಚ್ಚರಾಗುತ್ತದೆ. ನಿಮ್ಮ ತಮ್ಮ ಎರಡು ದಿನದಿಂದ ಕರಿ ಚಹಾ ಕುಡಿದು ಆಫೀಸಿಗೆ ಹೋಗುತ್ತಿದ್ದಾರೆ.

ನನ್ನ ಹಿಂದಿನ ಎರಡು ಪತ್ರಗಳಿಗೆ ನೀವು ಉತ್ತರ ಬರೆಯಲಿಲ್ಲ. ನನಗೆ ಅದರ ಬೇಸರವಿಲ್ಲ. ಇದೊಂದನ್ನು ಮಾತ್ರ ಹರಿದು ಒಲೆಗೆ ಹಾಕುವ ಮೊದಲು ಕೊನೆಯವರೆಗೆ ಓದಿರಿ. ನಾನು ಕೇಳುವುದು ಒಂದೇ. ಲೀಲಾಕ್ಷಿಯನ್ನು ಕರೆದುಕೊಂಡು ಈ ಅಮಾವಾಸ್ಯೆಯ ಒಳಗೆ ಪುಣೆಗೆ ಬನ್ನಿರಿ. ನಿಮ್ಮ ಅವ್ವ ನಿಮ್ಮ ದಾರಿ ಕಾಯುತ್ತಿದ್ದಾರೆ. ಅಂಥದನ್ನೆಲ್ಲ ಬಾಯಿಬಿಟ್ಟು ಹೇಳುವ ಹೆಂಗಸಲ್ಲ ಅವರು, ನಿಮಗೇ ಗೊತ್ತು. ಈ ಸಲ ಹೇಳಿದ್ದಾರೆ.

ಮೂರು ವರ್ಷದ ಹಿಂದೆ ಮಾವನವರ ಶ್ರಾದ್ಧದ ದಿನ ನಡೆದದ್ದನ್ನು ನೀವು ಮರೆತಿರಲಿಕ್ಕಿಲ್ಲ, ಮರೆಯಿರಿ ಎಂದು ಹೇಳುವ ಧೈರ್ಯವೂ ನನಗಿಲ್ಲ. ನೀವು ಬಚ್ಚಲಲ್ಲಿದ್ದಿರಿ. ಎರಡು ವರ್ಷದ ಲೀಲಿ ಪಡಸಾಲೆಯಲ್ಲಿ ಆಡುತ್ತ ಚೌಕಾಬಾರದ ಕವಡೆಯೊಂದನ್ನು ಬಾಯಿಗೆ ಹಾಕಿಕೊಂಡಳು, ಅದು ಗಂಟಲಲ್ಲಿ ಕೂತಿತು. ನೀವು ಒದ್ದೆ ಕೂದಲಲ್ಲಿ ಓಡಿ ಬಂದಾಗ, ಕೆಲಸದ ಭೀಮವ್ವ ಹಿತ್ತಿಲಿಂದ ನುಗ್ಗಿ ಬಂದು ಕೂಸನ್ನು ತೊಡೆಯ ಮೇಲೆ ಬೋರಲು ಹಾಕಿ ಬೆನ್ನಿಗೆ ಗುದ್ದುತ್ತಿದ್ದಳು. ಮಾರು ದೂರದಲ್ಲಿ ನಿಮ್ಮ ಅವ್ವ ಮಡಿಸೀರೆಯಲ್ಲಿ, ಎರಡೂ ಕೈ ಹಿಂದಕ್ಕೆ ಎಳೆದುಕೊಂಡು ನಿಂತಿದ್ದರು. ಕವಡೆ ಹೊರಗೆ ಬಿತ್ತು, ಕೂಸು ಅತ್ತಿತು. ಅವತ್ತು ಮಧ್ಯಾಹ್ನದ ಗಾಡಿಗೇ ನೀವು ಹೊರಟು ನಿಂತಿರಿ. ಹೊಸ್ತಿಲಲ್ಲಿ, "ಅವ್ವಾ, ನಿನ್ನ ಮಡಿ ನಿನಗಿರ್ಲಿ. ನನ್ನ ಮಗಳು ಇನ್ನ ಈ ಮನಿ ಮೆಟ್ಟಿಲಾ ಹತ್ತೂದಿಲ್ಲ" ಅಂದಿರಿ.

ಖಂಡ್ಯಾ ನೀವು ಹೋದ ಮೇಲೆ ಬಂದ ನಾಯಿ. ನಿಮ್ಮ ತಮ್ಮ ಒಂದು ಸಂಜೆ ಆಫೀಸಿನಿಂದ ಬರುವಾಗ ಲಕಡೀ ಪೂಲ್ ಸೇತುವೆಯಿಂದ ಅವರ ಸೈಕಲ್ಲಿನ ಹಿಂದೆಯೇ ಓಡಿ ಬಂದ ಮರಿ. ಮರಾಠಿ ನೆರೆಯವರು, ನಾಯಿ ಎಂದರೆ ಖಂಡೋಬ ದೇವರದು, ಓಡಿಸಬಾರದು ಎಂದು ಹೆಸರನ್ನೂ ಅವರೇ ಇಟ್ಟರು. ಆಚಾರದ ಮನೆಯಲ್ಲಿ ನಾಯಿ! ಅತ್ತೆ ಮೂರು ದಿನ ಮಗನ ಜೊತೆ ಮಾತು ಬಿಟ್ಟರು. ನಾಲ್ಕನೆಯ ದಿನ, ಅದರ ಕಾಲು ಹಿತ್ತಿಲ ಬಾಗಿಲಿನ ಒಳಗೆ ಬೀಳಕೂಡದು ಎಂಬ ಕರಾರಿನ ಮೇಲೆ ಒಪ್ಪಿದರು. ಭಕ್ಕರಿಯನ್ನು ನಿಂತಲ್ಲಿಂದಲೇ ಕೆಳಗೆ ಬಿಡುತ್ತಿದ್ದರು, ಅದು ನೆಲ ಮುಟ್ಟುವ ಮೊದಲೇ ಖಂಡ್ಯಾ ಹಿಡಿಯುತ್ತಿತ್ತು.

ಸಿಕ್ಕಿದ್ದನ್ನೆಲ್ಲ ನುಂಗುವ ಚಟ ಅದಕ್ಕೆ. ಅಂಗಿಯ ಗುಂಡಿ, ನೆರೆಮನೆಯ ಮಕ್ಕಳ ಗೋಲಿ, ಒಮ್ಮೆ ನನ್ನ ಕೂದಲಿನ ಪಿನ್ನು. ಪಿನ್ನನ್ನು ನಿಮ್ಮ ತಮ್ಮ ಬಾಯಿಯಿಂದ ಕಿತ್ತುಕೊಂಡರು, ಗೋಲಿ ಏನಾಯಿತೋ ದೇವರಿಗೇ ಗೊತ್ತು. ನಾವು ನಗುತ್ತಿದ್ದೆವು. ಬಂದವರ ಮುಂದೆ ಹೇಳಿ ಅವರನ್ನೂ ನಗಿಸುತ್ತಿದ್ದೆವು. ಈಗ ನೆನೆದರೆ ನನ್ನ ಕೆನ್ನೆಗೆ ನಾನೇ ಹೊಡೆದುಕೊಳ್ಳಬೇಕು ಅನಿಸುತ್ತದೆ.

ಈ ವರ್ಷ ಅತ್ತೆ ಲಕ್ಷಬತ್ತಿಯ ವ್ರತ ಹಿಡಿದರು. ಆಷಾಢ ಏಕಾದಶಿಯಿಂದ ನಾಲ್ಕು ತಿಂಗಳು ಹತ್ತಿ ಬಿಡಿಸಿ, ಎಳೆ ತೆಗೆದು, ಸಾವಿರ ಎಳೆಗೊಂದು ಕಟ್ಟು ಕಟ್ಟುತ್ತ ಕೂತರು. ಯಾರನ್ನೂ ಕೈ ಹಚ್ಚಗೊಡಲಿಲ್ಲ. ಯಾರ ಸಲುವಾಗಿ ಎಂದು ಕೇಳಿದರೆ ಮತ್ತೊಂದು ಎಳೆ ತೆಗೆಯುತ್ತಿದ್ದರು. ಮೊಮ್ಮಗ ಬೇಕೆಂದು ಹರಕೆ ಹೊತ್ತಿರಬೇಕು, ನನ್ನ ಸಲುವಾಗಿಯೇ ಇರಬೇಕು ಎಂದು ನಾನು ಒಳಗೊಳಗೇ ಬೀಗುತ್ತಿದ್ದೆ. ಹೋದ ರವಿವಾರ, ಹುಣ್ಣಿಮೆಯ ಬೆಳಿಗ್ಗೆ ಸಂಕಲ್ಪ ಮಾಡಿಸುವಾಗ ಬಿಂದುಮಾಧವಾಚಾರ್ಯರು ಯಾರ ಹೆಸರು ಹೇಳಲಿ ಎಂದು ಕೇಳಿದರು. ಅತ್ತೆ ತಲೆ ತಗ್ಗಿಸಿ, "ಲೀಲಾಕ್ಷಿ. ನನ್ನ ಮಗಳ ಮಗಳು. ಆಯುಷ್ಯ ಹೆಚ್ಚಲಿ ಅಂತ ಅನ್ರಿ" ಎಂದರು. ಮೂರು ವರ್ಷ ಈ ಮನೆಯಲ್ಲಿ ಯಾರೂ ಗಟ್ಟಿಯಾಗಿ ಅನ್ನದ ಹೆಸರು ಅದು, ಅಂಬಕ್ಕ.

ದೀಪ ಹಚ್ಚುವುದು ಸಂಜೆ, ಹಿತ್ತಿಲ ತುಳಸಿಯ ಮುಂದೆ. ತುಪ್ಪದಲ್ಲಿ ನೆನೆದ ಕಟ್ಟುಗಳನ್ನು ಎರಡು ಹಿತ್ತಾಳೆ ಪರಾತಗಳಲ್ಲಿ ಜೋಡಿಸಿ ಕಟ್ಟೆಯ ಮೇಲೆ ಇಟ್ಟಿದ್ದೆವು. ಇಲ್ಲಿ ನನ್ನ ತಪ್ಪನ್ನು ಬರೆಯಬೇಕು. ಖಂಡ್ಯಾನನ್ನು ಕಟ್ಟುವ ಕೆಲಸ ನನ್ನದು. ಸ್ನಾನಕ್ಕೆ ಮೊದಲೇ ಕಟ್ಟಬೇಕಿತ್ತು, ಮರೆತೆ. ನೆನಪಾದಾಗ ಮಡಿಯುಟ್ಟಾಗಿತ್ತು. ಮುಟ್ಟಿದರೆ ಮತ್ತೆ ತಲೆಗೆ ನೀರು, ಮತ್ತೆ ಒದ್ದೆ ಸೀರೆ. ಮಡಿಯಲ್ಲಿರದವರು ಯಾರಾದರೂ ಬಂದಾಗ ಕಟ್ಟಿಸಿದರಾಯಿತು ಎಂದು ಸುಮ್ಮನಾದೆ. ಭೀಮವ್ವ ಪಾತ್ರೆ ತಿಕ್ಕಿಟ್ಟು ಮನೆಗೆ ಹೋಗಿದ್ದಳು, ನಿಮ್ಮ ತಮ್ಮ ಹೂವಿಗೆಂದು ಪೇಟೆಗೆ ಹೋಗಿದ್ದರು. ಉಳಿದವರೆಲ್ಲ ಮಡಿಯವರೇ.

ತುಪ್ಪದ ವಾಸನೆಗೆ ನಾಯಿ ಸುಮ್ಮನಿರುತ್ತದೆಯೇ! ಸುಮಾರು ನಾಲ್ಕು ಗಂಟೆಗೆ ಪರಾತ ಉರುಳಿದ ಸಪ್ಪಳ ಕೇಳಿ ನಾವೆಲ್ಲ ಹಿತ್ತಿಲಿಗೆ ಓಡಿದೆವು. ಖಂಡ್ಯಾ ಒಂದಿಡೀ ಕಟ್ಟನ್ನು ಅಗಿಯದೆ ನುಂಗಲು ಹೋಗಿತ್ತು. ಕಟ್ಟು ಬಿಚ್ಚಿಕೊಂಡು ಅರ್ಧ ಎಳೆಗಳು ಗಂಟಲೊಳಗೆ ಇಳಿದಿದ್ದವು, ಅರ್ಧ ನಾಲಗೆಯ ಬುಡಕ್ಕೆ, ದವಡೆಯ ಹಲ್ಲಿಗೆ ಸುತ್ತಿಕೊಂಡಿದ್ದವು. ಮುಂಗಾಲಿನಿಂದ ಬಾಯಿ ಕೆರೆದುಕೊಳ್ಳುತ್ತ ಸುತ್ತು ತಿರುಗಿತು, ಬಿತ್ತು, ಮತ್ತೆ ಎದ್ದಿತು. ಸಪ್ಪಳವೇ ಇಲ್ಲ, ಅಂಬಕ್ಕ. ಬೊಗಳಲೂ ಇಲ್ಲ, ಕುಂಯ್‌ಗುಡಲೂ ಇಲ್ಲ. ನಾಲಗೆ ನೇರಳೆ ಬಣ್ಣಕ್ಕೆ ತಿರುಗುತ್ತಿತ್ತು.

ಆಚಾರ್ಯರು, ಬಂದಿದ್ದ ಆರು ಮಂದಿ ಹೆಂಗಸರು, ನಾನು, ಎಲ್ಲರೂ ಕಟ್ಟೆಯ ಮೇಲೆ ಸೀರೆ ಧೋತರ ಎತ್ತಿ ಹಿಡಿದುಕೊಂಡು ನಿಂತೆವು. ಯಾರನ್ನಾದರೂ ಕರೆಯಿರಿ, ಯಾರನ್ನಾದರೂ ಕರೆಯಿರಿ ಎಂದು ಎಲ್ಲರೂ ಕೂಗುವವರೇ. ಯಾರನ್ನು? ನಾನೂ ಅದನ್ನೇ ಕೂಗುತ್ತಿದ್ದೆ. ಎದುರಿಗೆ ಒಂದು ಜೀವ ಹೋಗುತ್ತಿತ್ತು, ಎಂಟು ಜನರ ಹದಿನಾರು ಕೈಗಳು ಖಾಲಿ ಇದ್ದವು.

ಆಗ ಒಳಗಿಂದ ಅತ್ತೆ ಬಂದರು. ಬಂದವರು ನಿಲ್ಲಲಿಲ್ಲ. ಕಟ್ಟೆ ಇಳಿದು, ಪಾತ್ರೆ ತಿಕ್ಕಿದ ನೀರಿನ ಕೆಸರಿನಲ್ಲಿ ಮಡಿಸೀರೆಯಲ್ಲೇ ಕೂತರು. ನಾಯಿಯ ಕುತ್ತಿಗೆಯನ್ನು ಮೊಣಕಾಲಿನ ನಡುವೆ ಹಿಡಿದು, ಎಡಗೈಯಿಂದ ದವಡೆ ಅಗಲಿಸಿ, ಬಲಗೈಯನ್ನು ಮುಂಗೈಯವರೆಗೂ ಅದರ ಬಾಯೊಳಗೆ ಹಾಕಿದರು. ಒಬ್ಬ ಹೆಂಗಸು ಕಿಟಾರನೆ ಕಿರುಚಿಕೊಂಡಳು. ಅತ್ತೆ ಬೆರಳಿನಿಂದ ಹಲ್ಲಿಗೆ ಸುತ್ತಿದ್ದ ಎಳೆಗಳನ್ನು ಬಿಡಿಸಿದರು, ಹಿಡಿ ಹಿಡಿಯಾಗಿ ಹೊರಗೆ ತೆಗೆದರು. ನಾಯಿಯ ಹಲ್ಲು ಅವರ ಅಂಗೈಯಲ್ಲಿ ಇಳಿಯಿತು. ರಕ್ತ, ತುಪ್ಪ, ಜೊಲ್ಲು ಎಲ್ಲ ಕಲೆತು ಮೊಣಕೈವರೆಗೆ ಸುರಿಯುತ್ತಿತ್ತು. ಕೊನೆಗೆ ಖಂಡ್ಯಾ ಒಮ್ಮೆ ಜೋರಾಗಿ ಉಸಿರು ಎಳೆದುಕೊಂಡಿತು.

ಆಚಾರ್ಯರು ಸಾವರಿಸಿಕೊಂಡು, ಅತ್ತೆಯ ಕಡೆ ನೋಡಿ, ಗಂಗೂಬಾಯಿಯವರು ಸ್ನಾನ ಮಾಡಿ ಪಂಚಗವ್ಯ ತೆಗೆದುಕೊಳ್ಳಲಿ, ಇನ್ನೊಂದು ಪರಾತದ ಬತ್ತಿಗಳನ್ನು ಹಚ್ಚಿ ಹೇಗಾದರೂ ಮುಗಿಸೋಣ ಎಂದರು. ಅತ್ತೆ ಕೂತಲ್ಲಿಂದಲೇ, "ಇವತ್ತ ಬತ್ತಿ ಹಚ್ಚೂದಿಲ್ರಿ ಆಚಾರ್ಯರ. ಮದ್ಲ ಟಾಂಗಾ ತರಸ್ರಿ. ಇದರ ಹೊಟ್ಟ್ಯಾಗ ಇನ್ನೂ ಎಳಿ ಉಳದಾವ" ಎಂದರು. ಅಂದವರು ಇವರೇನಾ ಎಂದು ನಾನು ಬಾಯಿ ತೆರೆದುಕೊಂಡು ನೋಡಿದೆ. ಉಪ್ಪಿನಕಾಯಿ ಭರಣಿಯ ಹತ್ತಿರ ನನ್ನ ಸೆರಗು ಸುಳಿದರೆ ಭರಣಿಯನ್ನೇ ಬೇರೆ ಇಡುತ್ತಿದ್ದ ಅತ್ತೆ! ಬಂದಿದ್ದ ಹೆಂಗಸರು ಕುಂಕುಮವನ್ನೂ ತೆಗೆದುಕೊಳ್ಳದೆ ಗೋಡೆಗೆ ಅಂಟಿಕೊಂಡು ಹೊರಗೆ ನಡೆದರು.

ಅಷ್ಟರಲ್ಲಿ ನಿಮ್ಮ ತಮ್ಮ ಹೂವಿನ ಪೊಟ್ಟಣ ಹಿಡಿದು ಬಂದರು. ತಾಯಿಯನ್ನು ನೋಡಿದರು, ನಾಯಿಯನ್ನು ನೋಡಿದರು, ಪೊಟ್ಟಣವನ್ನು ಅಲ್ಲಿಯೇ ಬಿಟ್ಟು ಟಾಂಗಾಕ್ಕೆ ಓಡಿದರು. ಅತ್ತೆ ಖಂಡ್ಯಾನನ್ನು ಮಡಿಲಲ್ಲಿಟ್ಟುಕೊಂಡು ಹತ್ತಿ ಕೂತರು. ಪೇಠದ ಅರ್ಧ ಜನ ಕಿಟಕಿಯಲ್ಲಿದ್ದರು. ನಾನೂ ಮಡಿಯುಟ್ಟ ಸೀರೆಯಲ್ಲೇ ಪಕ್ಕಕ್ಕೆ ಕೂತೆ. ದಾರಿಯಲ್ಲಿ ಅತ್ತೆ ಆಡಿದ್ದು ಒಂದೇ ಮಾತು, "ಲೀಲಿ ಆಯುಷ್ಯಕ್ಕಂತ ಮಾಡಿದ ಬತ್ತಿ. ಅದರಿಂದ ಒಂದು ಜೀವ ಹೋದ್ರ ನಾ ಅಂಬಾಗ ಯಾವ ಮಾರಿ ತೋರಸ್ಲಿ?" ಅದನ್ನೇ ಕ್ಯಾಂಪಿನ ದನದ ಆಸ್ಪತ್ರೆ ಬರುವ ತನಕ ಅಂದುಕೊಳ್ಳುತ್ತ ಬಂದರು.

ಕ್ಯಾಂಪಿನಲ್ಲಿರುವ ದನದ ಡಾಕ್ಟರರು ಅವಧೂತ ಎಂದು, ನಮ್ಮ ಬೆಳಗಾವಿಯ ಕಡೆಯವರು. ಮೊದಲು ಅತ್ತೆಯ ಕೈ ತೊಳೆದು ಔಷಧ ಹಚ್ಚಿ ಕಟ್ಟಿದರು, ಆಮೇಲೆ ನಾಯಿಯ ಹೊಟ್ಟೆ ಒತ್ತಿ ನೋಡಿದರು. "ಗಂಟಲಾ ಬಿಡಿಸಿದ್ದು ಛಲೋ ಆತ್ರಿ ಅವ್ವಾರ, ಇಲ್ಲಂದ್ರ ಅಲ್ಲೇ ಮುಗೀತಿತ್ತು. ಆದ್ರ ಒಳಗ ಇಳದ ದಾರ ಭಾಳ ಕೆಟ್ಟ. ಕರುಳಿಗೆ ಸುತ್ತಿ ಬಿಗೀತದ, ಕೊಯ್ತದ. ಹಿಂದಿನಿಂದ ತುದಿ ಕಂಡ್ರೂ ಯಾರೂ ಜಗ್ಗಬ್ಯಾಡ್ರಿ, ಜಗ್ಗಿದ್ರ ನಾಯಿ ಸಾಯ್ತದ" ಎಂದರು. ಮೂರು ದಿನ ಕಾಯಬೇಕು, ವಾಂತಿ ನಿಲ್ಲದಿದ್ದರೆ, ಹೊಟ್ಟೆ ಕಲ್ಲಿನಂತಾದರೆ ಆಶೆ ಬಿಡಬೇಕು ಎಂದೂ ಹೇಳಿದರು.

ಅವರ ಮೇಜಿನ ಮೇಲೆ ಒಂದು ಗಾಜಿನ ಭರಣಿ ಇತ್ತು. ನಾಯಿಗಳ ಹೊಟ್ಟೆಯಿಂದ ತೆಗೆದದ್ದು ಎಂದು ತೋರಿಸಿದರು. ದಾರ ಪೋಣಿಸಿದ ಸೂಜಿ, ಕೋಟಿನ ಗುಂಡಿಗಳು, ಒಂದು ಬೆಳ್ಳಿಯ ಕಾಲುಂಗುರ, ಮಾವಿನ ಗೊರಟೆ, ಬೊಂಬೆಯ ಕೈ, ಯಾರದೋ ಮುತ್ತಿನ ಮೂಗುಬಟ್ಟು. ಎಲ್ಲ ನಮ್ಮ ನಿಮ್ಮ ಮನೆಯ ನೆಲದ ಮೇಲೆ ದಿನಾ ಬಿದ್ದಿರುವಂಥವೇ. ಇವನ್ನು ನುಂಗಿದ ನಾಯಿಗಳಲ್ಲಿ ಎಷ್ಟು ಬದುಕಿದವು ಎಂದು ನಾನು ಕೇಳಿದೆ. ಡಾಕ್ಟರರು ಭರಣಿಯನ್ನು ಕಪಾಟಿನಲ್ಲಿಟ್ಟರು.

ಆ ಮೂರು ದಿನ ಅತ್ತೆ ಹಿತ್ತಿಲ ಕಟ್ಟೆ ಬಿಟ್ಟು ಏಳಲಿಲ್ಲ. ಮಡಿಯುಡಲಿಲ್ಲ. ಅಡುಗೆ ಮನೆಗೆ ಕಾಲಿಡಲಿಲ್ಲ. ನಾನು ಮಾಡಿದ ಗಂಜಿಯನ್ನು, ನಾನು ಹೇಗೆ ಇದ್ದೆನೋ ಹಾಗೆಯೇ ಕೊಟ್ಟರೂ, ಕೈಯೊಡ್ಡಿ ತೆಗೆದುಕೊಂಡರು. ಸೋಮವಾರ ಖಂಡ್ಯಾ ನಾಲ್ಕು ಸಲ ಕಾರಿಕೊಂಡಿತು. ಮಂಗಳವಾರ ನೀರನ್ನೂ ಮೂಸಲಿಲ್ಲ, ಕಣ್ಣು ತೆರೆಯಲಿಲ್ಲ. ನಿಮ್ಮ ತಮ್ಮ ಅಂಗಳದ ಮೂಲೆಗೆ ಹೋಗಿ ಕಣ್ಣೊರೆಸಿಕೊಂಡು ಬಂದರು, ಕಸ ಬಿತ್ತು ಎಂದು ಸುಳ್ಳು ಹೇಳಿದರು. ಬುಧವಾರ ಬೆಳಿಗ್ಗೆ ಭೀಮವ್ವ ಹಿತ್ತಿಲಿಂದ, "ಬಾಯಾರ, ಬತ್ತಿ ಬಂತ್ರಿ! ಬತ್ತಿ ಬಂತು!" ಎಂದು ಓಣಿಗೆಲ್ಲ ಕೇಳುವಂತೆ ಕೂಗಿಕೊಂಡಳು. ಮುಟಿಗೆಯಷ್ಟು ದಾರದ ಉಂಡೆ, ತಾನಾಗಿಯೇ ಹೊರಬಿದ್ದಿತ್ತು. ಮಧ್ಯಾಹ್ನಕ್ಕೆ ಖಂಡ್ಯಾ ಗಂಜಿ ನೆಕ್ಕಿತು. ಅತ್ತೆ ಅದರ ತಲೆಯ ಮೇಲೆ ಕೈಯಿಟ್ಟು ಅಳುತ್ತಿದ್ದರು. ಮಾವನವರು ಹೋದಾಗಲೂ ಅವರು ಹಾಗೆ ಅತ್ತದ್ದನ್ನು ಕಂಡಿಲ್ಲ ಎಂದು ಭೀಮವ್ವ ಹೇಳುತ್ತಾಳೆ.

ಇದನ್ನು ಓದಿ ನಿಮಗೆ ಸಿಟ್ಟು ಬರುತ್ತದೆ, ನನಗೆ ಗೊತ್ತು. ಬೀದಿಯ ನಾಯಿಗೆ ನೀಡಿದ ಕೈಯನ್ನು ಹೊಟ್ಟೆಯ ಮಗಳ ಕೂಸಿಗೆ ಯಾಕೆ ನೀಡಲಿಲ್ಲ ಎಂದು ಕೇಳುತ್ತೀರಿ. ನಿಮ್ಮ ತಮ್ಮ ಅದನ್ನೇ ಕೇಳಿದರು. ಬುಧವಾರ ಸಂಜೆ, ನನ್ನ ಎದುರಿಗೇ, ಸ್ವಲ್ಪ ಒರಟಾಗಿಯೇ ಕೇಳಿದರು. ಅತ್ತೆ ತಮ್ಮ ಕಟ್ಟಿದ ಅಂಗೈ ನೋಡಿಕೊಂಡರು. "ಆವತ್ತ ನಿಂತಾಕಿ ನಾನು. ಕೈ ನಂದು, ಕೂಸು ನಂದು. ಮೂರು ವರ್ಷ ಕಣ್ಣು ಮುಚ್ಚಿದ್ರ ಅದಽ ಕಾಣಸ್ತದ. ಮತ್ತೊಮ್ಮೆ ನಿಂತಿದ್ರ ನಾ ಮನಶಾಳೇ ಅಲ್ಲ" ಎಂದರು. ಆಮೇಲೆ ನನ್ನ ಕಡೆ ತಿರುಗಿ, ಅಂಬಾಗೆ ಬರಿ, ಅವ್ವ ತಪ್ಪು ಮಾಡ್ಯಾಳ ಅಂತ ಬರಿ, ಬ್ಯಾರೆ ಏನೂ ಬರೀಬ್ಯಾಡ ಅಂದರು. ಬರೆದಿದ್ದೇನೆ.

ಚೆಲ್ಲದೆ ಉಳಿದ ಬತ್ತಿಗಳು ಮುಚ್ಚಿಟ್ಟ ಪರಾತದಲ್ಲಿವೆ. ಚೆಲ್ಲಿದವುಗಳ ಬದಲಿಗೆ ಅತ್ತೆ ಎಡಗೈಯಲ್ಲಿ ಹೊಸ ಎಳೆ ತೆಗೆಯುತ್ತಿದ್ದಾರೆ, ಈ ಸಲ ನನ್ನನ್ನೂ ಕೂಡಿಸಿಕೊಂಡಿದ್ದಾರೆ. ಅಮಾವಾಸ್ಯೆಗೆ ಇನ್ನು ಹತ್ತು ದಿನ. ಹಚ್ಚಿದರೆ ಲೀಲಿಯ ಕೈಯಿಂದಲೇ ಹಚ್ಚಿಸಬೇಕು, ಇಲ್ಲದಿದ್ದರೆ ಹಾಗೆಯೇ ಇರಲಿ ಎನ್ನುತ್ತಾರೆ. ಬಿಂದುಮಾಧವಾಚಾರ್ಯರು ಇನ್ನು ಈ ಮನೆಯಲ್ಲಿ ಊಟ ಮಾಡುವುದಿಲ್ಲವಂತೆ. ಬೇಡ, ನಮ್ಮ ಅನ್ನ ನಾವೇ ಉಣ್ಣುತ್ತೇವೆ. ನೀವು ಹೂಂ ಎಂದು ಒಂದು ಕಾರ್ಡು ಹಾಕಿದರೆ ನಿಮ್ಮ ತಮ್ಮ ದೌಂಡ ಸ್ಟೇಶನ್ನಿನವರೆಗೆ ಬಂದು ನಿಮ್ಮನ್ನು ಇಳಿಸಿಕೊಳ್ಳುತ್ತಾರೆ. ಲೀಲಿಗೆ ಈಗ ಐದು ವರ್ಷ, ನಾಯಿಗೆ ಹೆದರುವ ಹುಡುಗಿಯೋ ಅಲ್ಲವೋ ನನಗೆ ಗೊತ್ತಿಲ್ಲ. ಖಂಡ್ಯಾ ಈಗ ತುಂಬಾ ಸಾಧು, ಬಾಲ ಅಲ್ಲಾಡಿಸಲಿಕ್ಕೂ ಪಾಪ ಶಕ್ತಿಯಿಲ್ಲ. ನೆಲದ ಮೇಲಿನ ಗುಂಡಿ, ಸೂಜಿ, ಕವಡೆ ಎಲ್ಲವನ್ನೂ ಅತ್ತೆ ಬೆಳಿಗ್ಗೆ ಸಂಜೆ ತಾವೇ ಬಗ್ಗಿ ಆಯ್ದು ಡಬ್ಬಿಗೆ ಹಾಕುತ್ತಾರೆ.

ಲೀಲಾಕ್ಷಿಗೆ ನನ್ನ ಆಶೀರ್ವಾದ, ಮನೆಯ ಹಿರಿಯರಿಗೆ ನಮಸ್ಕಾರ.

ನಿಮ್ಮ ಉತ್ತರದ ದಾರಿ ನೋಡುವ,
ಭಾಮಾ

ತಾಜಾ ಕಲಂ: ಲಕೋಟೆ ಅಂಟಿಸಿದ್ದೆ, ಮತ್ತೆ ಬಿಚ್ಚಿದೆ. ಬೇರೆ ಏನೂ ಬರೆಯಬೇಡ ಎಂದು ಅತ್ತೆ ಹೇಳಿದ್ದು ಯಾಕೆಂದು ನಿಮಗೆ ತಿಳಿಯಬೇಕು. ಶ್ರಾದ್ಧದ ದಿನ ಅವರು ನಿಂತೇ ಇದ್ದರು ಎಂಬುದು ಸುಳ್ಳು. ಕೂಸು ಕೆಮ್ಮಿದ ಕೂಡಲೇ ಓಡಿದ್ದರು, ಅವರ ಬೆರಳು ಲೀಲಿಯ ಭುಜಕ್ಕೆ ಇನ್ನೇನು ತಾಗುತ್ತಿತ್ತು. ಹಿಂದಿನಿಂದ, "ಅತ್ತೀ, ಮಡಿ! ಮುಟ್ಟಬ್ಯಾಡ್ರಿ!" ಎಂದು ಚೀರಿದವಳು ನಾನು. ಮದುವೆಯಾಗಿ ಬಂದು ಆರು ತಿಂಗಳು, ಮಡಿ ಕೆಡಿಸಿದೆ ಎಂದು ಆ ವಾರ ಎರಡು ಸಲ ಬೈಸಿಕೊಂಡಿದ್ದೆ, ಎಲೆ ಹಾಕಿ ಬ್ರಾಹ್ಮಣರು ಕೂತಿದ್ದರು, ಹೆದರಿಕೆಗೆ ಬಾಯಿಗೆ ಬಂದದ್ದು ಅದೇ. ಅವರು ಬೆಂಕಿ ಮುಟ್ಟಿದವರ ಹಾಗೆ ಕೈ ಹಿಂದಕ್ಕೆ ಎಳೆದುಕೊಂಡರು. ಆಗಲೇ ನೀವು ಬಂದಿರಿ. ನೀವು ಬೈದಾಗ ಅವರು ನನ್ನ ಹೆಸರು ಹೇಳಲಿಲ್ಲ, ಮಗನಿಗೆ ಇವತ್ತಿನವರೆಗೂ ಹೇಳಿಲ್ಲ, ನಾನೊಬ್ಬಳೇ ಇದ್ದಾಗಲೂ ನನ್ನನ್ನು ಒಂದು ಮಾತು ಕೇಳಿಲ್ಲ. ಹೋದ ರವಿವಾರವೂ ನಾನು ಅದನ್ನೇ ಚೀರಿದೆ, ಅಂಬಕ್ಕ. ಅವರು ತಿರುಗಿ ಸಹ ನೋಡಲಿಲ್ಲ. ನನ್ನ ಮೇಲೆ ಎಷ್ಟು ಸಿಟ್ಟಾದರೂ ಇಟ್ಟುಕೊಳ್ಳಿರಿ, ನೀವು ಇಲ್ಲಿ ಇರುವಷ್ಟು ದಿನ ನಾನು ತವರಿಗೆ ಹೋಗಿ ಇರುತ್ತೇನೆ. ನೀವು ಮಾತ್ರ ಬಂದು ನಿಮ್ಮ ಅವ್ವನ ಕೈ ಹಿಡಿಯಿರಿ, ಬಲಗೈ ಇನ್ನೂ ಮಾಯ್ದಿಲ್ಲ, ಮೆತ್ತಗೆ ಹಿಡಿಯಿರಿ.